ಅಜ್ಜಿಯ ನೀರು, ಚಿಕ್ಕಜ್ಜನ ಲಾರಿ

ಓದುಗರ ಪ್ರಶ್ನೆ: ನನ್ನ ಅಪ್ಪನ ತಾಯಿಗೆ ಈಗ 84 ವರ್ಷ. ಅವರು ಮದುವೆಯಾಗಿ ಹೋದ ಊರು ಶರಾವತಿಯ ಲಿಂಗನಮಕ್ಕಿ ಅಣೆಕಟ್ಟಿನ ಹಿನ್ನೀರಿನಲ್ಲಿ ಮುಳುಗಿದೆ. ಈಗ ನಮ್ಮ ಮನೆ ಇರುವುದು ಶಿವಮೊಗ್ಗ ತಾಲ್ಲೂಕಿನ ಕಾಡಂಚಿನ ಹಳ್ಳಿಯೊಂದರಲ್ಲಿ. ಅಜ್ಜಿಯ ನೆನಪುಗಳಿಂದ ಒಂದು ಸಾಕ್ಷ್ಯಚಿತ್ರದ ಬರಹ ಸಿದ್ಧಪಡಿಸಬೇಕೆಂದು ಮೊಬೈಲಿನಲ್ಲಿ ಎಂಟು ಗಂಟೆಗಳಷ್ಟು ಮಾತನ್ನು ದಾಖಲಿಸಿಕೊಂಡಿದ್ದೇನೆ. ‘ಭೂಮಿ ಹುಣ್ಣಿಮೆಯ ರಾತ್ರಿ ಅಂಗಳಕ್ಕೆ ನೀರು ಬಂತು, ಉಟ್ಟ ಬಟ್ಟೆಯಲ್ಲಿ ಹೊರಟೆವು’ ಎನ್ನುತ್ತಾರೆ ಅಜ್ಜಿ. ಅದು ಮಳೆಗಾಲದ ಕೊನೆಗೆ ಬರುವ ಹಬ್ಬ. ಆಗ 12 ವರ್ಷದವರಾಗಿದ್ದ ಚಿಕ್ಕಜ್ಜ ಒಪ್ಪುವುದಿಲ್ಲ. ಬೇಸಿಗೆಯ ಹಗಲಿನಲ್ಲಿ ಲಾರಿಯಲ್ಲಿ ಬಂದೆವು, ಹೆಂಚು, ಕಂಬಗಳನ್ನೆಲ್ಲ ತಂದೆವು, ನೀರು ಒಂದು ಮೈಲಿ ಆಚೆಗೂ ಇರಲಿಲ್ಲ ಎನ್ನುತ್ತಾರೆ. ‘ನಮ್ಮ ಗದ್ದೆ’ ಎಂದು ಅಜ್ಜಿ ನೂರು ಸಲ ಹೇಳುತ್ತಾರೆ. ಅಜ್ಜನ ಹೆಸರಿನಲ್ಲಿ ಒಂದು ಕಾಗದವೂ ಸಿಗಲಿಲ್ಲ. ಹೊಸ ಊರಿಗೆ ಬಂದ ವರ್ಷವೇ ಹುಟ್ಟಿದ ದೊಡ್ಡಪ್ಪ ‘ಹಳೆಯದನ್ನು ಕೆದಕಬೇಡ’ ಎಂದು ಗದರುತ್ತಾರೆ. ಯಾರ ಮಾತನ್ನು ಬರೆಯಲಿ? ಅಜ್ಜಿಯನ್ನು ತಿದ್ದಬೇಕೇ?

ಉತ್ತರ: ತಿದ್ದಬೇಡಿ. ಚಿಕ್ಕಜ್ಜನ ಮಾತು ಕೇಳಿಸಿ ಅಜ್ಜಿಯನ್ನು ಒಪ್ಪಿಸುವ ಕೆಲಸಕ್ಕಂತೂ ಕೈಹಾಕಲೇಬೇಡಿ. ನಾನು ಒಮ್ಮೆ ಹಾಗೆ ಮಾಡಿ ಕೆಟ್ಟೆ. ಇಪ್ಪತ್ತು ವರ್ಷಗಳ ಹಿಂದಿನ ಮಾತು. ಹೊಸನಗರದ ಕಡೆಯ ಮುಳುಗಡೆಯ ಹಿರಿಯರೊಬ್ಬರು ತಮ್ಮ ಹಳೆಯ ಮನೆ ಹನ್ನೆರಡು ಅಂಕಣದ್ದು ಎಂದು ವರ್ಣಿಸುತ್ತಿದ್ದರು. ಎರಡು ಕಂಬಗಳ ನಡುವಿನ ಜಾಗಕ್ಕೆ ಅಂಕಣ ಎನ್ನುತ್ತಾರೆ. ನನ್ನ ಚೀಲದಲ್ಲಿ ಅದೇ ಮನೆಗೆ ಬೆಲೆ ಕಟ್ಟಿದ ಹಳೆಯ ಕಾಗದದ ನಕಲು ಇತ್ತು. ಅದರಲ್ಲಿ ಎಂಟು ಅಂಕಣ. ಹುರುಪಿನಲ್ಲಿ ಕಾಗದ ತೆಗೆದು ಓದಿದೆ. ಅವರು ಕನ್ನಡಕ ಹಾಕಿಕೊಂಡು ನೋಡಿ, ‘ಹಾಗಾದರೆ ಎಂಟೇ ಇರಬೇಕು’ ಎಂದರು. ಆಮೇಲೆ ಸಂಜೆಯವರೆಗೆ ನಾನು ಕೇಳಿದ್ದಕ್ಕೆಲ್ಲ ‘ಹೌದು’, ‘ಇಲ್ಲ’ ಅಷ್ಟೇ. ಬೆಲೆ ಕಟ್ಟಿದವರು ಹೆಂಚಿನ ಭಾಗವನ್ನು ಮಾತ್ರ ಎಣಿಸಿ, ಹುಲ್ಲು ಹೊದೆಸಿದ್ದ ಕೊಟ್ಟಿಗೆಯ ಕಡೆಯ ನಾಲ್ಕು ಅಂಕಣ ಬಿಟ್ಟಿದ್ದರೆಂದು ಅವರ ಸೊಸೆಯಿಂದ ತಿಳಿಯುವ ಹೊತ್ತಿಗೆ ಆ ಹಿರಿಯರು ತೀರಿಹೋಗಿದ್ದರು. ಪರಿಹಾರ ಕೊಡುವವನ ಲೆಕ್ಕಕ್ಕೆ ಕೊಟ್ಟಿಗೆ ಬೇಡ. ಎಮ್ಮೆ ಕಟ್ಟಿ ಬದುಕಿದವನಿಗೆ ಕೊಟ್ಟಿಗೆಯಿಲ್ಲದ ಮನೆ ಇಲ್ಲ. ಅಂದು ನನ್ನ ಕೈಯಲ್ಲಿ ಅಷ್ಟು ಒಳ್ಳೆಯ ವಿಷಯವಿತ್ತು, ನಾನು ಅದನ್ನು ತಪ್ಪು ಹುಡುಕುವುದಕ್ಕೆ ಬಳಸಿಕೊಂಡೆ.

ಹಾಗಾಗಿ ನಿಮ್ಮ ಪ್ರಶ್ನೆಯನ್ನು ಸ್ವಲ್ಪ ತಿರುಗಿಸುತ್ತೇನೆ. ಯಾರ ಮಾತು ನಿಜ ಎನ್ನುವುದಕ್ಕೆ ಮೊದಲು, ಇಬ್ಬರ ಮಾತೂ ಎಲ್ಲಿಂದ ಬಂತು ಎಂದು ಹುಡುಕಿ. ಅವರಿಬ್ಬರ ನಡುವಿನ ಅಂತರವೇ ನಿಮ್ಮ ಬರಹದ ವಿಷಯ.

ಬಾಯಿಮಾತಿನ ಇತಿಹಾಸದ ಅಧ್ಯಯನದಲ್ಲಿ ಇದಕ್ಕೆ ಪ್ರಸಿದ್ಧವಾದ ಒಂದು ಉದಾಹರಣೆ ಇದೆ. ಇಟಲಿಯ ತೆರ್ನಿ ಎಂಬ ಉಕ್ಕಿನ ಕಾರ್ಖಾನೆಯ ಊರಿನಲ್ಲಿ ಲೂಯಿಜಿ ತ್ರಸ್ತುಲ್ಲಿ ಎಂಬ ಯುವ ಕಾರ್ಮಿಕ 1949ರಲ್ಲಿ, ನೇಟೋ ಒಪ್ಪಂದದ ವಿರುದ್ಧದ ಪ್ರತಿಭಟನೆಯ ವೇಳೆ ಪೊಲೀಸರ ಕೈಯಲ್ಲಿ ಸತ್ತ. ದಶಕಗಳ ನಂತರ ಅಲೆಸಾಂದ್ರೊ ಪೋರ್ತೆಲ್ಲಿ ಎಂಬ ವಿದ್ವಾಂಸರು ಅಲ್ಲಿನ ಜನರನ್ನು ಮಾತನಾಡಿಸಿದಾಗ, ಅನೇಕರು ಆ ಸಾವನ್ನು 1953ಕ್ಕೆ, ಕಾರ್ಖಾನೆಯಿಂದ ಸಾವಿರಾರು ಜನರನ್ನು ಕೆಲಸದಿಂದ ತೆಗೆದಾಗಿನ ಹೋರಾಟಕ್ಕೆ ಸೇರಿಸಿ ಹೇಳಿದರು. ಪೋರ್ತೆಲ್ಲಿ ಅದನ್ನು ಮುದುಕರ ಮರೆವು ಎಂದು ಬದಿಗಿಡಲಿಲ್ಲ. ತಮ್ಮ ಬದುಕನ್ನೇ ಅಲ್ಲಾಡಿಸಿದ ಹೋರಾಟದಲ್ಲಿ ಆ ಹುಡುಗ ಸತ್ತಿದ್ದರೆ ಮಾತ್ರ ಅವನ ಸಾವಿಗೆ ಅರ್ಥ ಬರುತ್ತದೆ ಎಂದು ಊರಿಗೆ ಊರೇ ಅಂದುಕೊಂಡಿದೆ ಎಂದು ಓದಿದರು. ನಿಮ್ಮ ಅಜ್ಜಿಯ ತಾರೀಖೂ ಹೀಗೆಯೇ ಕದಲಿರಬಹುದು. ಆದರೆ ಆ ತೀರ್ಮಾನಕ್ಕೆ ಬರುವ ಮುನ್ನ ಹೆಚ್ಚು ಸರಳವಾದ ಸಾಧ್ಯತೆಗಳನ್ನು ನೋಡಿಬಿಡೋಣ. ಸಾಕ್ಷ್ಯಚಿತ್ರದವರಿಗೆ ಅರ್ಥಗಳ ಮೇಲೆ ಅವಸರ ಜಾಸ್ತಿ.

ಶರಾವತಿಯಲ್ಲಿ ನೀರು ನಿಂತದ್ದು ಒಂದೇ ಸಲವಲ್ಲ. 1964ರಲ್ಲಿ ಲಿಂಗನಮಕ್ಕಿ ಕಟ್ಟಿ ಮುಗಿಸುವುದಕ್ಕೆ ಎಷ್ಟೋ ಮೊದಲೇ ಹಿರೇಭಾಸ್ಕರ ಅಣೆಕಟ್ಟು ಇತ್ತು. ಮಡೆನೂರು ಅಣೆಕಟ್ಟು ಎಂದರೂ ಅದೇ. ಜೋಗದಲ್ಲಿ ಇಂದು ಮಹಾತ್ಮಾ ಗಾಂಧಿ ಹೆಸರಿನಲ್ಲಿರುವ ವಿದ್ಯುದಾಗಾರ 1948ರಲ್ಲಿ ಶುರುವಾದದ್ದು ಅದರ ನೀರಿನಿಂದ. ಲಿಂಗನಮಕ್ಕಿ ತುಂಬಿದಾಗ ಆ ಅಣೆಕಟ್ಟೇ ಮುಳುಗಿತು. ಅಣೆಕಟ್ಟನ್ನು ನುಂಗಿದ ಅಣೆಕಟ್ಟು. ನೀರು ತೀರಾ ಇಳಿದ ಬೇಸಿಗೆಗಳಲ್ಲಿ ಅದರ ಕಲ್ಲುಕಟ್ಟಡ ಇಂದಿಗೂ ತಲೆಯೆತ್ತುತ್ತದೆ. ನಿಮ್ಮ ಅಜ್ಜಿ ಹುಟ್ಟಿದ್ದು 1941ರ ಆಸುಪಾಸು ಎಂದಾಯಿತು. ಮೊದಲ ನೀರು ನಿಂತಾಗ ಅವರು ಚಿಕ್ಕ ಹುಡುಗಿ. ಅವರ ತವರು ಯಾವ ಊರು? ನಿಮ್ಮ ಪತ್ರದಲ್ಲಿ ಗಂಡನ ಮನೆಯ ಊರಷ್ಟೇ ಇದೆ. ತವರೂ ಶರಾವತಿಯ ದಂಡೆಯದಾಗಿದ್ದರೆ, ರಾತ್ರಿ ಅಂಗಳಕ್ಕೆ ಬಂದ ನೀರು ಬಾಲ್ಯದ್ದು, ಲಾರಿ ಯೌವನದ್ದು ಎಂದಾಗಬಹುದು. ಎರಡು ಮುಳುಗಡೆಗಳನ್ನು ಕಂಡವರು ಎರಡನ್ನೂ ಒಂದೇ ರಾತ್ರಿಗೆ ತಂದು ಕೂಡಿಸುವುದನ್ನು ನಾನು ಬೇರೆ ಮನೆಗಳಲ್ಲೂ ಕೇಳಿದ್ದೇನೆ. ‘ಎಷ್ಟನೇ ಇಸವಿ’ ಎಂದು ಕೇಳಬೇಡಿ. ‘ನೀರು ಬಂದಾಗ ಅಂಗಳದಲ್ಲಿ ಯಾರಿದ್ದರು’ ಎಂದು ಕೇಳಿ. ಉತ್ತರದಲ್ಲಿ ಅತ್ತೆ ಬರುತ್ತಾರೋ, ಅವರ ಸ್ವಂತ ಅವ್ವ ಬರುತ್ತಾರೋ ನೋಡಿ. ಅಲ್ಲಿಗೆ ಅರ್ಧ ಗಂಟು ಬಿಚ್ಚುತ್ತದೆ.

ಇನ್ನೊಂದು ಸಾಧ್ಯತೆ: ಇಬ್ಬರೂ ಹೇಳುವುದು ನಡೆದದ್ದನ್ನೇ. ಬೇಸಿಗೆಯಲ್ಲಿ ಊರು ಖಾಲಿಯಾಯಿತು, ನೀರು ಬಂದದ್ದು ಮಳೆಗಾಲದಲ್ಲಿ. ನಡುವೆ ಕೆಲವು ತಿಂಗಳು. ಆ ತಿಂಗಳುಗಳಲ್ಲಿ ಬಿಟ್ಟುಹೋದ ಒರಳು, ಒನಕೆ, ಕಟ್ಟಿಗೆ ತರಲು, ದೈವಕ್ಕೆ ಕೊನೆಯ ಕಾಯಿ ಒಡೆಯಲು ಮರಳಿ ಹೋದವರಿದ್ದಾರೆ. ನಿಮ್ಮ ಅಜ್ಜ ಅಜ್ಜಿಯೂ ಹೋಗಿರಬಹುದು, 12 ವರ್ಷದ ಹುಡುಗನನ್ನು ಹೊಸ ಊರಿನಲ್ಲೇ ಬಿಟ್ಟಿರಬಹುದು. ಇದನ್ನು ನಕ್ಷೆಯ ಮೇಲೆ ಸ್ವಲ್ಪ ಮಟ್ಟಿಗೆ ಪರೀಕ್ಷಿಸಬಹುದು. ಲಿಂಗನಮಕ್ಕಿಯ ಗರಿಷ್ಠ ಮಟ್ಟ 1,819 ಅಡಿ. ಅಣೆಕಟ್ಟಿಗೆ ಮೊದಲು ಅಳೆದ ಭಾರತೀಯ ಸರ್ವೇಕ್ಷಣ ಇಲಾಖೆಯ ಮೈಲಿಗೆ ಒಂದು ಅಂಗುಲದ ನಕ್ಷೆಗಳಲ್ಲಿ ಮುಳುಗಿದ ಊರು, ಕಾಲುದಾರಿ, ಗುಡಿ, ಎತ್ತರದ ರೇಖೆಗಳು ಎಲ್ಲ ಸಿಗುತ್ತವೆ. ಊರು ಹೊಳೆಯ ಪಕ್ಕದ ತಗ್ಗಿನಲ್ಲಿತ್ತೋ, 1,819ರ ಅಂಚಿನ ಗುಡ್ಡದ ಬುಡದಲ್ಲಿತ್ತೋ ನೋಡಿಕೊಳ್ಳಿ. ಅಂಚಿನ ಊರುಗಳಿಗೆ ನೀರು ಕೊನೆಯಲ್ಲಿ, ಮೆಲ್ಲಗೆ, ಅಂಗಳದ ತುದಿಯಿಂದ ಹತ್ತಿತು. ತಗ್ಗಿನ ಊರುಗಳ ಕಥೆಯೇ ಬೇರೆ.

ಈಗ ನಿಮ್ಮ ಪತ್ರದಲ್ಲಿ ನೀವೇ ಗಮನಿಸದೆ ಬರೆದ ಒಂದು ವಾಕ್ಯಕ್ಕೆ ಬರುತ್ತೇನೆ. ದೊಡ್ಡಪ್ಪ ಹುಟ್ಟಿದ್ದು ಹೊಸ ಊರಿಗೆ ಬಂದ ವರ್ಷವೇ ಎಂದಿದ್ದೀರಿ. ಯಾವ ತಿಂಗಳು? ಶಾಲೆಯ ಸರ್ಟಿಫಿಕೇಟ್ ನಂಬಬೇಡಿ. ಆ ಕಾಲದ ಮೇಷ್ಟರುಗಳ ಕೃಪೆಯಿಂದ ಮಲೆನಾಡಿನ ಅರ್ಧ ಜನ ಜೂನ್ ತಿಂಗಳಲ್ಲೇ ಹುಟ್ಟಿದ್ದಾರೆ. ಮಳೆಯೋ, ಸುಗ್ಗಿಯೋ, ಚಳಿಯೋ ಎಂದು ಕೇಳಿ. ಅವರು ದೀಪಾವಳಿಯ ನಂತರದ ಚಳಿಗಾಲದ ಕೂಸಾಗಿದ್ದರೆ, ಆ ವರ್ಷದ ಭೂಮಿ ಹುಣ್ಣಿಮೆಗೆ ನಿಮ್ಮ ಅಜ್ಜಿ ತುಂಬು ಬಸುರಿ.

ಭೂಮಿ ಹುಣ್ಣಿಮೆ ಎಂದರೆ ಏನೆಂದು ಶಿವಮೊಗ್ಗ ಜಿಲ್ಲೆಯವರಿಗೆ ವಿವರಿಸಬೇಕಿಲ್ಲ, ಆದರೂ ನಿಮ್ಮ ಬರಹಕ್ಕಾಗಿ ಬಿಡಿಸಿ ಹೇಳುತ್ತೇನೆ. ಆಶ್ವಯುಜದ ಹುಣ್ಣಿಮೆಗೆ ಗದ್ದೆಯಲ್ಲಿ ಭತ್ತ ಹೊಡೆ ತುಂಬಿರುತ್ತದೆ. ಭೂಮಿ ಬಸುರಿ. ಅವಳಿಗೆ ಬಯಕೆಯ ಊಟ ಬಡಿಸಬೇಕು. ಸಾಗರ, ಸೊರಬದ ದೀವರ ಸಮುದಾಯದ ಮನೆಗಳಲ್ಲಿ ಹೆಂಗಸರು ವಾರ ಮೊದಲೇ ಬಿದಿರ ಬುಟ್ಟಿಗೆ ಸಗಣಿ, ಕೆಮ್ಮಣ್ಣು ಬಳಿದು, ಅಕ್ಕಿಹಿಟ್ಟಿನ ಬಿಳಿಯಲ್ಲಿ ಚಿತ್ತಾರ ಬರೆಯುತ್ತಾರೆ. ಅದೇ ಭೂಮಣ್ಣಿ ಬುಟ್ಟಿ. ರಾತ್ರಿಯಿಡೀ ಅಡುಗೆ. ಬೆಳಕು ಹರಿಯುವ ಮುನ್ನ ಬುಟ್ಟಿ ಹೊತ್ತು ಗದ್ದೆಗೆ ಹೋಗಿ ಪೂಜಿಸಿ, ಸೊಪ್ಪುಗಳನ್ನು ಬೆರೆಸಿ ಬೇಯಿಸಿದ್ದನ್ನು ಪೈರಿನ ಮೇಲೆ ಬೀರಿ, ಕಾಗೆಗೊಂದು ಪಾಲು, ಇಲಿಗೊಂದು ಪಾಲು ಇಟ್ಟು, ಮನೆಮಂದಿ ಗದ್ದೆಯಲ್ಲೇ ಉಣ್ಣುತ್ತಾರೆ.

ಹಾಗಾದರೆ ಚೈತ್ರದಲ್ಲೋ ವೈಶಾಖದಲ್ಲೋ ಲಾರಿ ಹತ್ತಿ ಬಂದ ಹೆಂಗಸಿಗೆ ಆ ವರ್ಷದ ಆಶ್ವಯುಜ ಹೇಗೆ ಬಂತು? ಬುಟ್ಟಿ ಬರೆದರೇ? ಬರೆದಿದ್ದರೆ ಯಾವ ಗದ್ದೆಗೆ ಹೊತ್ತರು? ಹೊಸ ಜಾಗ ಕಡಿದ ಕಾಡು, ಗದ್ದೆಯಾಗಲು ಇನ್ನೂ ವರ್ಷಗಳಿದ್ದವು. ಹಳೆಯ ಗದ್ದೆಯ ಮೇಲೆ ಅದೇ ವಾರಗಳಲ್ಲಿ ನೀರು ಏರುತ್ತಿತ್ತು. ಹೊಟ್ಟೆಯಲ್ಲಿ ಚೊಚ್ಚಲ ಮಗು. ಅವರ ಪಾಲಿಗೆ ಊರು ಬಿಟ್ಟದ್ದು ಲಾರಿ ಹತ್ತಿದ ದಿನವಲ್ಲ, ಬಡಿಸಲು ಭೂಮಿಯಿಲ್ಲದ ಆ ಹುಣ್ಣಿಮೆಯ ರಾತ್ರಿ ಎಂದು ನನಗೆ ತೋರುತ್ತದೆ. ಇದು ನನ್ನ ಊಹೆ. ನಾನು ನಿಮ್ಮ ಅಜ್ಜಿಯನ್ನು ಕಂಡಿಲ್ಲ. ಇದನ್ನು ಅವರ ಬಾಯಿಗೆ ತುರುಕಬೇಡಿ. ‘ಹೊಸ ಊರಿನಲ್ಲಿ ಮೊದಲನೇ ಭೂಮಿ ಹುಣ್ಣಿಮೆಗೆ ಏನು ಅಡುಗೆ ಮಾಡಿದಿರಿ ಅಜ್ಜಿ’ ಎಂದಷ್ಟೇ ಕೇಳಿ ಸುಮ್ಮನೆ ಕುಳಿತುಕೊಳ್ಳಿ. ಅವರು ಎದ್ದು ಒಳಗೆ ಹೋದರೆ ಹಿಂದೆ ಹೋಗಬೇಡಿ.

‘ನಮ್ಮ ಗದ್ದೆ’ಯ ವಿಷಯ ಇದಕ್ಕಿಂತ ಗಟ್ಟಿಯಾದದ್ದು. ಕಾಗದ ಸಿಗದಿರುವುದಕ್ಕೆ ಕಾರಣ ಬಹುಶಃ ಗೇಣಿ. ನಿಮ್ಮ ಅಜ್ಜ ಉಳುತ್ತಿದ್ದರು, ಪಹಣಿ ಒಡೆಯರ ಹೆಸರಿನಲ್ಲಿತ್ತು. ಸಾಗರ ತಾಲ್ಲೂಕಿನಲ್ಲಿ ಇದು ಸಣ್ಣ ಸಂಗತಿಯಲ್ಲ. 1951ರಲ್ಲಿ ಇದೇ ತಾಲ್ಲೂಕಿನ ಕಾಗೋಡಿನಲ್ಲಿ ಗೇಣಿದಾರರು ಎಚ್. ಗಣಪತಿಯಪ್ಪನವರ ಮುಂದಾಳುತನದಲ್ಲಿ ಸತ್ಯಾಗ್ರಹ ಹೂಡಿದರು; ಸಮಾಜವಾದಿ ನಾಯಕ ರಾಮಮನೋಹರ ಲೋಹಿಯಾ ಬಂದು ಸೆರೆಯಾದರು. ಜಗಳ ಹೊತ್ತಿದ್ದು ಕೊಳಗದ ಅಳತೆಯಲ್ಲಿ. ಗೇಣಿ ಭತ್ತ ಅಳೆಯುವಾಗ ದೊಡ್ಡ ಕೊಳಗ ಬಳಸುತ್ತಾರೆ ಎಂಬುದು ರೈತರ ಸಿಟ್ಟು. ಆಗ ನಿಮ್ಮ ಅಜ್ಜಿಗೆ ಹತ್ತು ವರ್ಷ. ಕೊಳಗದ ಮಾತನ್ನು ಎತ್ತಿ ನೋಡಿ. ಎಂಟು ಗಂಟೆಯ ಮಾತಿನಲ್ಲಿ ಬಾರದ್ದು ಅಲ್ಲಿ ಹೊರಬರಬಹುದು.

ಆಮೇಲಿನ ತಾರೀಖುಗಳನ್ನು ಒಂದರ ಕೆಳಗೊಂದು ಬರೆದುಕೊಳ್ಳಿ. 1964ಕ್ಕೆ ಅಣೆಕಟ್ಟು. ಉಳುವವನಿಗೇ ಹೊಲ ಎಂದ ಭೂಸುಧಾರಣೆಯ ತಿದ್ದುಪಡಿ ಜಾರಿಗೆ ಬಂದದ್ದು 1974ರ ಮಾರ್ಚ್ 1ಕ್ಕೆ. ದಡದ ಮೇಲೆ ಉಳಿದ ಊರುಗಳ ಗೇಣಿದಾರರು ಆಗ ಅರ್ಜಿ ಹಾಕಿ ಒಡೆಯರಾದರು. ನಿಮ್ಮ ಅಜ್ಜ ಅರ್ಜಿಯಲ್ಲಿ ಬರೆಯಬೇಕಾದ ಗದ್ದೆ ಹತ್ತು ವರ್ಷಗಳಿಂದ ನೀರಿನಡಿ ಇತ್ತು. ಕಾನೂನು ಬರುವವರೆಗೆ ಗದ್ದೆ ಕಾಯಲಿಲ್ಲ. ಪರಿಹಾರದ ದುಡ್ಡು ಹೋದದ್ದೂ ಮೊದಲಿಗೆ ಪಹಣಿಯಲ್ಲಿ ಹೆಸರಿದ್ದವರಿಗೆ. ಈ ಹಿನ್ನೆಲೆಯಲ್ಲಿ ಅಜ್ಜಿಯ ‘ನಮ್ಮ ಗದ್ದೆ’ ಎಂಬ ಮಾತನ್ನು ಮತ್ತೊಮ್ಮೆ ಕೇಳಿಸಿಕೊಳ್ಳಿ. ಅದನ್ನು ಸುಳ್ಳು ಎನ್ನಲು ನನಗೆ ಬಾಯಿ ಬಾರದು. ಆದರೆ ‘ನಮ್ಮ ಕುಟುಂಬದ ಜಮೀನು ಮುಳುಗಿತು’ ಎಂದು ನೀವು ನಿಮ್ಮ ದನಿಯಲ್ಲಿ ಬರೆದರೆ, ಗೇಣಿಯ ಕಥೆಯನ್ನು ನೀವೇ ಎರಡನೇ ಸಲ ಮುಳುಗಿಸಿದಂತೆ. ಮಾತು ಅವರದ್ದಾಗಿಯೇ ಇರಲಿ, ಪಕ್ಕದಲ್ಲಿ ಖಾಲಿ ಪಹಣಿಯೂ ಇರಲಿ. ಹಾಗೆಯೇ, ಆ ಗದ್ದೆಯಲ್ಲಿ ನಿಮ್ಮ ಅಜ್ಜನ ಜೊತೆ ಕೂಲಿಗೆ ಬರುತ್ತಿದ್ದವರು ಯಾರು ಎಂದೂ ಕೇಳಿ. ಗೇಣಿದಾರನಿಗೆ ಪಹಣಿಯಲ್ಲಿ ಜಾಗವಿರಲಿಲ್ಲ. ಕೂಲಿಯವರಿಗೆ ಎಷ್ಟೋ ಸಲ ಗೇಣಿದಾರನ ನೆನಪಿನಲ್ಲೂ ಇರುವುದಿಲ್ಲ.

ದೊಡ್ಡಪ್ಪನ ಗದರಿಕೆಗೆ ಬರೋಣ. ಹೊಸ ಪೀಳಿಗೆಯ ಬರಹಗಾರರು ಇಂಥವರನ್ನು ಮನೆಯ ಮುಂಗೋಪಿ ಎಂದು ಬರೆದು ಮುಗಿಸುತ್ತಾರೆ. ಅವರಿಗೆ ಹೆದರಿಕೆ ಇದ್ದೀತು, ಅದಕ್ಕೆ ಕಾರಣವೂ ಇದ್ದೀತು. ಶರಾವತಿ ಸಂತ್ರಸ್ತರನ್ನು ತಂದು ಇಳಿಸಿದ ಜಾಗಗಳಲ್ಲಿ ಬಹಳಷ್ಟು ದಾಖಲೆಯಲ್ಲಿ ಇನ್ನೂ ಅರಣ್ಯ. ಅರವತ್ತು ವರ್ಷ ಕಳೆದರೂ ಹಕ್ಕುಪತ್ರದ ಪ್ರಶ್ನೆ ಕಚೇರಿ, ನ್ಯಾಯಾಲಯ, ವಿಧಾನಸೌಧಗಳ ನಡುವೆ ಅಲೆಯುತ್ತಿದೆ. ಹಳೆಯ ಊರಿನಲ್ಲಿ ಕಾಗದವಿಲ್ಲ, ಹೊಸ ಊರಿನಲ್ಲಿಯೂ ಕಾಗದವಿಲ್ಲ. ಇಂಥ ಮನೆಯವರು ‘ಎಷ್ಟು ಎಕರೆ ಕಡಿದೆವು, ಯಾವ ವರ್ಷ ಬೇಲಿ ಹಾಕಿದೆವು’ ಎಂದು ಕ್ಯಾಮೆರಾ ಮುಂದೆ ಹೇಳಿದ್ದು ನಾಳೆ ಯಾರ ಮೇಜಿನ ಮೇಲೆ ಹೋಗಿ ಕೂರುತ್ತದೋ ಹೇಳಲಾಗದು. ಆದ್ದರಿಂದ ಇದರಲ್ಲಿ ನಾನು ಕಟ್ಟುನಿಟ್ಟು: ಈಗಿನ ಜಾಗದ ಸರ್ವೆ ನಂಬರು, ವಿಸ್ತೀರ್ಣ, ಗುರುತು ಹಿಡಿಯಬಹುದಾದ ಬೇಲಿ, ಬಾವಿ ಯಾವುದೂ ಬರಹದಲ್ಲಿ, ಚಿತ್ರದಲ್ಲಿ ಬೇಡ. ಅರ್ಜಿ ಅಥವಾ ಮೊಕದ್ದಮೆ ನಡೆಯುತ್ತಿದ್ದರೆ ಅವರ ವಕೀಲರಿಗೆ ತೋರಿಸದೆ ಒಂದು ಪುಟವನ್ನೂ ಹೊರಗೆ ಬಿಡಬೇಡಿ. ಈ ಎರಡನ್ನೂ ದೊಡ್ಡಪ್ಪನ ಮುಂದೆ ಬಾಯಿಬಿಟ್ಟು ಹೇಳಿ. ಗದರಿಕೆ ಅಲ್ಲಿಗೇ ಇಳಿದರೂ ಇಳಿಯಬಹುದು. ಇಳಿಯದಿದ್ದರೆ, ಅಜ್ಜಿ ಒಪ್ಪಿದ್ದಾರೆಂದು ದೊಡ್ಡಪ್ಪನ ಬದುಕನ್ನು ಬರೆಯುವ ಹಕ್ಕು ನಿಮಗೆ ಬರುವುದಿಲ್ಲ. ಅವರನ್ನು ಬಿಟ್ಟು ಬರೆಯಿರಿ.

ದಾಖಲೆ ಹುಡುಕುವ ಕೆಲಸದಲ್ಲಿ ಎಲ್ಲರೂ ಮೊದಲು ತಾಲ್ಲೂಕು ಕಚೇರಿಗೆ ಓಡುತ್ತಾರೆ. ನೀವು ಶಾಲೆಗೆ ಹೋಗಿ. ಚಿಕ್ಕಜ್ಜನಿಗೆ ಆಗ 12 ವರ್ಷ. ಹೊಸ ಊರಿನ ಹತ್ತಿರದ ಸರ್ಕಾರಿ ಶಾಲೆಗೆ ಅವರನ್ನು ಸೇರಿಸಿದ್ದರೆ ದಾಖಲಾತಿ ಪುಸ್ತಕದಲ್ಲಿ ಸೇರಿದ ತಾರೀಖು, ತಂದೆಯ ಹೆಸರು, ಹಿಂದೆ ಓದಿದ ಶಾಲೆ ಇರುತ್ತದೆ. ನಿಮ್ಮ ಕುಟುಂಬ ಊರು ಬಿಟ್ಟ ಕಾಲಕ್ಕೆ ಸರ್ಕಾರ ಬರೆದಿಟ್ಟ ಒಂದೇ ಸಾಲು ಅದಾಗಿರಬಹುದು. ಅದೇ ಪುಟದಲ್ಲಿ ಅದೇ ವಾರ ಸೇರಿದ ಬೇರೆ ಮುಳುಗಡೆ ಊರುಗಳ ಮಕ್ಕಳ ಹೆಸರುಗಳೂ ಇರುತ್ತವೆ. ಒಂದು ಪುಟ ನೋಡಿದರೆ ಸಾಕು, ಎಷ್ಟು ಲಾರಿಗಳು ಬಂದವೆಂದು ಅಂದಾಜು ಹತ್ತುತ್ತದೆ.

1951 ಮತ್ತು 1961ರ ಜನಗಣತಿಯ ಜಿಲ್ಲಾ ಕೈಪಿಡಿಗಳಲ್ಲಿ ಊರಿನ ಹೆಸರನ್ನು ನೋಡಿ. 1961ರ ಗಣತಿ ನಡೆದಾಗ ನಿಮ್ಮ ಊರು ಇನ್ನೂ ಇತ್ತು. ಇಂಗ್ಲಿಷ್ ದಾಖಲೆಗಳಲ್ಲಿ ಹುಡುಕುವಾಗ ‘ಶಿವಮೊಗ್ಗ’ ಎಂದರೆ ಸಿಗದು, ‘ಶಿಮೊಗಾ’ ಎಂದು ಹುಡುಕಬೇಕು. ರಾಜ್ಯ ಆಗ ಮೈಸೂರು. ಊರಿನಲ್ಲಿ ವೀರಗಲ್ಲೋ ಮಾಸ್ತಿಕಲ್ಲೋ ಇತ್ತೆಂದು ಅಜ್ಜಿ ಹೇಳಿದ್ದರೆ, ಬಿ.ಎಲ್. ರೈಸ್ ಅವರು 1904ರಲ್ಲಿ ಪ್ರಕಟಿಸಿದ ಎಪಿಗ್ರಾಫಿಯಾ ಕರ್ನಾಟಿಕದ ಎಂಟನೆಯ ಸಂಪುಟ ತೆರೆಯಿರಿ. ಸಾಗರ, ಸೊರಬ, ತೀರ್ಥಹಳ್ಳಿಯ ಶಾಸನಗಳು ಅದರಲ್ಲಿವೆ. ಇಂದಿನ ಹೊಸನಗರದವು ‘ನಗರ’ ತಾಲ್ಲೂಕಿನ ಹೆಸರಿನಡಿ. ನೀರಿನಡಿಯ ಕಲ್ಲಿನ ಅಕ್ಷರ ಕಾಗದದ ಮೇಲೆ ಉಳಿದಿದ್ದರೂ ಉಳಿದಿರಬಹುದು.

ಕಂದಾಯದ ಕಾಗದಗಳಲ್ಲಿ ಜನವಸತಿಯಿಲ್ಲದ ಊರಿಗೆ ‘ಬೇಚರಾಕ್’ ಎಂದು ಬರೆಯುತ್ತಾರೆ. ಪಾರಸಿಯ ‘ಬೇ ಚಿರಾಗ್’, ಅಂದರೆ ದೀಪವಿಲ್ಲದ್ದು. ಶಾನುಭೋಗರ ಭಾಷೆಯಲ್ಲಿ ಇಷ್ಟು ಸಂಕಟದ ಶಬ್ದ ಇನ್ನೊಂದನ್ನು ನಾನು ಕಂಡಿಲ್ಲ. ದೀಪಾವಳಿಯಲ್ಲಿ ಅಂಟಿಗೆ ಪಂಟಿಗೆಯವರು ಹಣತೆ ಹೊತ್ತು, ಪದ ಹೇಳುತ್ತಾ ಮನೆಯಿಂದ ಮನೆಗೆ, ಊರಿಂದ ಊರಿಗೆ ದೀಪ ದಾಟಿಸುವ ಸೀಮೆ ಇದು. ಆ ದೀಪದ ದಾರಿಯಲ್ಲಿ ನಿಮ್ಮ ಊರಿನ ಹಿಂದಿನ ಊರು ಯಾವುದು, ಮುಂದಿನದು ಯಾವುದು ಎಂದು ಚಿಕ್ಕಜ್ಜನನ್ನು ಕೇಳಿ. ಗಂಡು ಹುಡುಗರು ಅವರ ಹಿಂದೆ ನಡೆದಿರುತ್ತಾರೆ, ಅವರ ಕಾಲಿಗೆ ನಕ್ಷೆ ಗೊತ್ತಿರುತ್ತದೆ. ಲಾರಿಯ ಬಗ್ಗೆಯೇ ಹಟ ಹಿಡಿದಿರುವ ಮನುಷ್ಯನಿಗೆ ಹೇಳಲು ಬೇರೇನಾದರೂ ಸಿಕ್ಕಂತೆಯೂ ಆಯಿತು.

ಇಸವಿ ಹಿಡಿಯಲು ಅಜ್ಜಿಯ ಪಂಚಾಂಗದಲ್ಲಿರುವ ಗೂಟಗಳನ್ನೇ ಬಳಸಿ. 1957ರಲ್ಲಿ ಸೊರಬದ ಕ್ಯಾಸನೂರು ಕಾಡಿನಲ್ಲಿ ಮಂಗನ ಕಾಯಿಲೆ ಕಾಣಿಸಿಕೊಂಡಿತು. ಅದೇ ವರ್ಷ ನಯಾಪೈಸೆ ಬಂತು. 1962ರಲ್ಲಿ ಚೀನಾ ಯುದ್ಧ. 1964ರ ಮೇ 27ಕ್ಕೆ ನೆಹರೂ ತೀರಿಕೊಂಡರು. ‘ನೆಹರೂ ಸತ್ತ ಸುದ್ದಿ ಕೇಳಿದಾಗ ಎಲ್ಲಿದ್ದಿರಿ, ಹಳೆಯ ಮನೆಯಲ್ಲೋ ಇಲ್ಲಿಯೋ’ ಎಂಬ ಒಂದು ಪ್ರಶ್ನೆ ನಿಮ್ಮ ಅರ್ಧ ತಕರಾರನ್ನು ತೀರಿಸಬಲ್ಲದು.

ಪ್ರಶ್ನೆಗಳು ಸಾಕಾದಾಗ ಅಜ್ಜಿಯ ಕೈಗೆ ಕೆಲಸ ಕೊಡಿ. ಚಿತ್ತಾರ ಬರೆಯುವ ಮನೆಯಾದರೆ ಪುಂಡಿ ನಾರಿನ ಕುಂಚ, ಅಕ್ಕಿ ಅರೆದ ಬಿಳಿ, ಕೆಮ್ಮಣ್ಣು ಬಳಿದ ಹಲಗೆ ತಂದಿಡಿ. ಕಂಬ, ಹೆಂಚು ಲಾರಿ ಹತ್ತಿದವು ಎಂದು ಚಿಕ್ಕಜ್ಜ ಹೇಳಿದ್ದು ಸರಿ. ಮಣ್ಣಿನ ಗೋಡೆ ಹತ್ತಲಿಲ್ಲವಲ್ಲ, ಅದರ ಮೇಲಿದ್ದ ಮದುವೆಯ ಹಸೆ ಚಿತ್ತಾರವೂ ಹತ್ತಲಿಲ್ಲ. ಆ ಗೋಡೆಯಲ್ಲಿದ್ದುದನ್ನೇ ಬರೆಯಲು ಹೇಳಿ. ಎಳೆ ಎಳೆಯುವಾಗ ಕಣ್ಣು ಕೈಯ ಮೇಲಿರುತ್ತದೆ, ಕೇಳುವವರ ಮುಖದ ಮೇಲಲ್ಲ. ಎದುರು ಕುಳಿತು ಹೇಳಲಾಗದ್ದು ಆಗ ಹೊರಗೆ ಬರುತ್ತದೆ. ಕ್ಯಾಮೆರಾ ಇದ್ದರೆ ಕೈಯನ್ನೇ ತೋರಿಸಿ. 84ರ ಕೈ ನಡುಗಿ ಎಳೆ ಸೊಟ್ಟವಾದರೆ ‘ಇನ್ನೊಮ್ಮೆ ಬರೆಯಿರಿ’ ಎನ್ನಬೇಡಿ.

ಧ್ವನಿಯ ವಿಷಯ ಚಿಕ್ಕದಾಗಿ ಹೇಳಿ ಮುಗಿಸುತ್ತೇನೆ. ಎಂಟು ಗಂಟೆಯ ಕಡತಗಳನ್ನು ಇಂದೇ ಎರಡು ಕಡೆ ನಕಲು ಮಾಡಿ, ಒಂದನ್ನು ಬೇರೆ ಮನೆಯಲ್ಲಿಡಿ. ಮುಂದಿನ ದಾಖಲೆಯನ್ನು ಧ್ವನಿಯನ್ನು ಕುಗ್ಗಿಸದ ಡಬ್ಲ್ಯುಎವಿ (WAV) ಮಾದರಿಯಲ್ಲಿ ಮಾಡಿ. ಫ್ಯಾನ್ ಆರಿಸಿ, ಮಳೆಗಾಲದಲ್ಲಿ ಶೀಟಿನ ಮನೆಯಲ್ಲಿ ಕೂರಬೇಡಿ, ಮಳೆಯೇ ನಿಮ್ಮ ನಾಯಕನಾಗಿಬಿಡುತ್ತದೆ. ಹಳೆಯ ಫೋಟೊಗಳನ್ನು ಬೂಷ್ಟು ತಿನ್ನುವ ಮುನ್ನ ಸ್ಕ್ಯಾನ್ ಮಾಡಿಸಿ, ಗಾಜಿಗೆ ಅಂಟಿದ್ದನ್ನು ಕಿತ್ತು ತೆಗೆಯಬೇಡಿ, ಗಾಜಿನ ಮೇಲಿಂದಲೇ ಚಿತ್ರ ತೆಗೆಯಿರಿ. ಮಾತನ್ನು ಬರಹಕ್ಕಿಳಿಸುವ ಕೆಲಸವನ್ನು ಮೊಬೈಲಿಗೆ ಒಪ್ಪಿಸಬೇಡಿ. ಅದು ಅಜ್ಜಿಯ ಸಾಗರ ಸೀಮೆಯ ಕನ್ನಡವನ್ನು ಬೆಂಗಳೂರಿನ ಸುದ್ದಿವಾಚಕರ ಕನ್ನಡ ಮಾಡಿಕೊಡುತ್ತದೆ. ಒಂದು ಗಂಟೆಯ ಮಾತಿಗೆ ಐದಾರು ಗಂಟೆ ಹಿಡಿಯುತ್ತದೆ, ಹಿಡಿಯಲಿ. ಅವರು ಎಲ್ಲಿ ನಿಂತರು, ಎಷ್ಟು ಹೊತ್ತು ನಿಂತರು ಎಂಬುದನ್ನೂ ಬರೆದುಕೊಳ್ಳಿ.

ಇನ್ನು ಬರಹ. ನಿರೂಪಕನ ದನಿ ಎಲ್ಲವನ್ನೂ ಬಲ್ಲವನ ಹಾಗೆ ಮೇಲಿನಿಂದ ಬರುವುದು ನನಗೆ ಸೇರದು. ನಿಮ್ಮ ವಿಷಯಕ್ಕಂತೂ ಅದು ಹೊಂದುವುದೇ ಇಲ್ಲ. ನೀವು ಕೇಳಿದವರು, ಹುಡುಕಿದವರು, ಅಷ್ಟಾಗಿಯೇ ಕಾಣಿಸಿಕೊಳ್ಳಿ. ಮೊದಲ ಪುಟ ಹೀಗಿರಬಹುದು:

‘ನಮ್ಮ ಅಜ್ಜಿ ಊರು ಬಿಟ್ಟದ್ದು ಭೂಮಿ ಹುಣ್ಣಿಮೆಯ ರಾತ್ರಿ. ಅವರ ಮೈದುನ ಊರು ಬಿಟ್ಟದ್ದು ಒಂದು ಬೇಸಿಗೆಯ ಮಧ್ಯಾಹ್ನ. ಇಬ್ಬರೂ ಒಂದೇ ಮನೆಯಲ್ಲಿದ್ದವರು. ಶಾಲೆಯ ಪುಸ್ತಕದಲ್ಲಿ ಮೈದುನನ ಹೆಸರಿನ ಎದುರು ಒಂದು ತಾರೀಖು ಇದೆ. ಅಜ್ಜಿ ಯಾವ ಶಾಲೆಗೂ ಹೋದವರಲ್ಲ.’

ಇದರಲ್ಲಿ ಯಾರೂ ಸುಳ್ಳುಗಾರರಾಗಲಿಲ್ಲ. ಅಜ್ಜಿಯ ತಾರೀಖಿಗೆ ಪುಸ್ತಕ ಏಕಿಲ್ಲ ಎಂಬುದು ನೋಡುಗರಿಗೆ ತಾನಾಗಿ ಹೊಳೆಯುತ್ತದೆ. ನಿಮ್ಮ ಮಾತು ಇದಕ್ಕಿಂತ ಚೆನ್ನಾಗಿರುತ್ತದೆ, ನನ್ನದನ್ನು ಹಾಗೆಯೇ ಎತ್ತಿಕೊಳ್ಳಬೇಡಿ.

ಅಜ್ಜಿಯನ್ನು ಹಿನ್ನೀರಿಗೆ ಕರೆದುಕೊಂಡು ಹೋಗುವ ಆಸೆ ನಿಮಗೆ ಬಂದೇ ಬರುತ್ತದೆ. ಬರಲು ಅವರಿಗೆ ಇಷ್ಟವಿದೆಯೇ ಎಂದು ಒಮ್ಮೆ ಮಾತ್ರ ಕೇಳಿ. ಹೋಗುವುದಾದರೆ ಮೇ ತಿಂಗಳ ಕೊನೆ, ಮಳೆ ಹಿಡಿಯುವ ಮುನ್ನ, ನೀರು ತಳ ಕಂಡಿರುವಾಗ. ಮರದ ಬೊಡ್ಡೆಗಳು, ಹಳೆಯ ದಾರಿಯ ಗುರುತು ಕೆಲವು ವರ್ಷ ಕಾಣುತ್ತವೆ, ಕೆಲವು ವರ್ಷ ಇಲ್ಲ. ಒಣಗಿದಂತೆ ಕಾಣುವ ಹೂಳಿನ ಮೇಲೆ ಕಾಲಿಡಬೇಡಿ, ಮೊಣಕಾಲಿನವರೆಗೆ ಹೂತುಕೊಳ್ಳುತ್ತದೆ, ಊರಿನವರೊಬ್ಬರು ಜೊತೆಗಿರಲಿ. ಅಂಬಾರಗೋಡ್ಲು ಕಳಸವಳ್ಳಿ ಸೇತುವೆ 2025ರ ಜುಲೈ 14ರಂದು ತೆರೆದ ಮೇಲೆ ಹಿನ್ನೀರಿನಾಚೆಯ ತುಮರಿಯ ಕಡೆಗೆ ಹೋಗಲು ಲಾಂಚಿನ ಹಂಗಿಲ್ಲ. ಅನುಕೂಲವೇ. ಆದರೆ ಹೊಳೆಬಾಗಿಲಿನ ಕಡವಿನಲ್ಲಿ ಲಾಂಚಿಗೆ ಕಾಯುತ್ತಾ ಕುಳಿತವರು ಎದುರಿನ ನೀರು ತೋರಿಸಿ ‘ಅಲ್ಲಿ ನಮ್ಮ ಮನೆ ಇತ್ತು’ ಎಂದು ಹೇಳುತ್ತಿದ್ದ ಅರ್ಧ ಗಂಟೆ ಈಗ ಯಾರ ಬಳಿಯೂ ಇಲ್ಲ. ಸೇತುವೆಯನ್ನು ಕಾರು ಕೆಲವೇ ನಿಮಿಷಗಳಲ್ಲಿ ದಾಟುತ್ತದೆ. ನೀವು ಆಚೆ ದಡದಲ್ಲಿ ಇಳಿದು ಒಂದು ಚಾಪೆ ಹಾಸಿ ಕುಳಿತುಕೊಳ್ಳಿ. ಬೆನ್ನಿಗೆ ಆನಿಸಲು ಅಜ್ಜಿಗೆ ಏನಾದರೂ ಬೇಕಾಗುತ್ತದೆ, ನೆರಳಿಗೆ ಕೊಡೆ, ಕುಡಿಯಲು ಮಜ್ಜಿಗೆ.

ಅದಕ್ಕೆ ಮೊದಲು ಶಾಲೆ. ಏಪ್ರಿಲ್ ಹತ್ತರ ನಂತರ ಬೇಸಿಗೆ ರಜೆ, ಬೀರು ತೆಗೆಯುವವರು ಯಾರೂ ಸಿಗುವುದಿಲ್ಲ. ಚಿಕ್ಕಜ್ಜನನ್ನೂ ಜೊತೆಗೆ ಕರೆದುಕೊಂಡು ಹೋಗಿ. ತಮ್ಮ ಹೆಸರಿನ ಸಾಲನ್ನು ಅವರೇ ಹುಡುಕಲಿ.